ಅಜ್ಜ ಓಡಿಸುತ್ತಿದ್ದ ಚಿಗರಿಗೆ ನಾನು ಟಿಕೆಟ್ ತೆಗೆದೆ

ಹುಬ್ಬಳ್ಳಿಯಲ್ಲಿ ಚಿಗರಿ ಅಂದರೆ ಬಸ್ಸು. ಹುಬ್ಬಳ್ಳಿ-ಧಾರವಾಡದ ನಡುವೆ ತನಗಂತಲೇ ಬಿಟ್ಟ ಹಾದಿಯಲ್ಲಿ 2018ರಲ್ಲಿ ಓಡಲು ಶುರುವಾದ ಎಸಿ ಬಸ್ಸಿಗೆ ಯಾರೋ ಪುಣ್ಯಾತ್ಮರು ಈ ಹೆಸರಿಟ್ಟರು. ಅಂದಿನಿಂದ ನಾವು ದಿನಾ ಚಿಗರಿ ಹತ್ತುತ್ತೇವೆ, ಚಿಗರಿ ಇಳಿಯುತ್ತೇವೆ, ತಡವಾದರೆ "ಚಿಗರಿ ತಪ್ಪಿತ್ರಿ ಸರ" ಅಂತ ಆಫೀಸಿಗೆ ಫೋನ್ ಮಾಡುತ್ತೇವೆ. ಹಾಗಾಗಿ ಜನವರಿಯ ಒಂದು ರವಿವಾರ ನಸುಕಿನ ನಾಲ್ಕೂವರೆಗೆ ಎದ್ದು "ಚಿಗರಿ ನೋಡಾಕ ಹೊಂಟೀನಿ" ಅಂದಾಗ ಮಗಳು ರಗ್ಗಿನೊಳಗಿಂದಲೇ "ಸ್ಟಾಪಿಗೆ ಹೋಗು, ಐದು ನಿಮಿಷಕ್ಕೊಂದು ಬರ್ತಾವು" ಅಂದಳು.

ಹೊರಟಿದ್ದು ಒಂದು ದಿನದ ಟೂರಿಗೆ. ಎಂಟೇ ಜನ, ಒಬ್ಬ ಗೈಡ್, ಒಂದು ಟೆಂಪೊ ಟ್ರಾವೆಲರ್. ಬೆಳಗ್ಗೆ ಮಾಗಡಿ ಕೆರೆ, ಮಧ್ಯಾಹ್ನ ಕಪ್ಪತಗುಡ್ಡ, ಸಂಜೆ ದಾರಿಯಲ್ಲಿ 'ಸಿಕ್ಕರೆ' ಚಿಗರಿ, ಬಸ್ಸಲ್ಲ, ನಿಜವಾದ ಚಿಗರಿ, ಅಂದರೆ ಕೃಷ್ಣಮೃಗ. ಆ 'ಸಿಕ್ಕರೆ' ಅನ್ನೋ ಮಾತು ನನಗೆ ಹಿಡಿಸಿತು. ಹುಲಿ ತೋರಿಸೇ ತೋರಿಸ್ತೀವಿ ಅನ್ನೋ ಟೂರುಗಳ ಕಾಲದಲ್ಲಿ ಇಷ್ಟು ಪ್ರಾಮಾಣಿಕತೆ ಸಿಗೋದು ಕಷ್ಟ.

ನಾಷ್ಟಾ, ಊಟ ಸೇರಿ ತಲೆಗೆ 1,800 ರೂಪಾಯಿ. ರೊಕ್ಕ ಕಳಿಸುವಾಗ ಎರಡೆರಡು ಸಲ ಯೋಚಿಸಿದೆ. ಜಾಸ್ತಿ ಆಯಿತು ಅಂತಲ್ಲ. ಲಕ್ಷ್ಮೇಶ್ವರದ ಹತ್ತಿರದ ಒಂದು ಹಳ್ಳಿ ನನ್ನ ಅಮ್ಮನ ತವರು. ಅಂದರೆ ನಾನು 1,800 ರೂಪಾಯಿ ಕೊಟ್ಟು ಅಜ್ಜನ ಊರಿನ ರಸ್ತೆಯಲ್ಲೇ ಹಾದು, ಅಜ್ಜ ರಾತ್ರಿಯೆಲ್ಲ ಎದ್ದು ಓಡಿಸುತ್ತಿದ್ದ ಪ್ರಾಣಿಯನ್ನು ನೋಡಲು ಹೊರಟಿದ್ದೆ. ಸೋದರಮಾವನಿಗೆ ಈ ವಿಷಯ ಹೇಳಲಿಲ್ಲ. ಹೇಳೋದಾದರೂ ಹೆಂಗೆ?

ಅಜ್ಜನದು ಎಂಟು ಎಕರೆ ಎರೆ ಹೊಲ. ಹಿಂಗಾರಿಗೆ ಕಡ್ಲಿ, ಬಿಳಿಜೋಳ, ಅಂಚಿಗೆ ಕುಸುಬಿ. ಕುಸುಬಿಗೆ ಮುಳ್ಳಿರುತ್ತಲ್ಲ, ದನ ಬಾಯಿ ಹಾಕೋದಿಲ್ಲ ಅಂತ ಅದನ್ನೇ ಬೇಲಿ ಮಾಡುತ್ತಿದ್ದರು. ಚಿಗರಿಗೆ ಅದ್ಯಾವ ಲೆಕ್ಕ? ನೆಗೆದು ಒಳಗೆ ಬರುತ್ತಿದ್ದವು. ಕಡ್ಲಿ ಮೊಳೆತು ನಾಲ್ಕೆಲೆ ಬಿಟ್ಟ ದಿನದಿಂದ ಅಜ್ಜ ಮನೆಯಲ್ಲಿ ಮಲಗುತ್ತಿರಲಿಲ್ಲ. ಹೊಲದ ನಡುವೆ ನಾಲ್ಕು ಕಂಬದ ಮೇಲೆ ಅಟ್ಟಣಿಗೆ, ಒಂದು ಕಂಬಳಿ, ಒಂದು ಕವಣೆ, ಒಂದು ಖಾಲಿ ಎಣ್ಣೆ ಡಬ್ಬಿ. ದೀಪಾವಳಿ ರಜೆಗೆ ಹೋದಾಗ ನಾವು ಪಡಸಾಲೆಯಲ್ಲಿ ಸಾಲಾಗಿ ಮಲಗಿರುತ್ತಿದ್ದೆವು. ಅಪರಾತ್ರಿಯಲ್ಲಿ ದೂರದಿಂದ ಡಬ್ಬಿ ಬಾರಿಸುವ ಸದ್ದು ಕೇಳುತ್ತಿತ್ತು. ಅಜ್ಜಿ ನಿದ್ದೆಗಣ್ಣಲ್ಲೇ "ಬಂದ್ವು ಕಾಣ್ತದ" ಅಂತ ಮಗ್ಗಲು ಬದಲಿಸುತ್ತಿದ್ದಳು. ನನಗೆ ಚಿಗರಿ ಅಂದರೆ ಎಷ್ಟೋ ವರ್ಷ ಆ ಡಬ್ಬಿಯ ಸದ್ದೇ. ಅದರ ಮುಖ ನೋಡಿದ್ದೇ ಇಲ್ಲ.

ಗಾಡಿ ನಲವತ್ತು ನಿಮಿಷ ತಡವಾಗಿ ಬಂತು. ಚಳಿಯಲ್ಲಿ ಚನ್ನಮ್ಮ ಸರ್ಕಲ್ ಹತ್ತಿರ ಎಂಟು ಜನ ಅಪರಿಚಿತರು ಒಬ್ಬರ ಮುಖ ಒಬ್ಬರು ನೋಡುತ್ತಾ ನಿಂತಿದ್ದೆವು. ನಿಜ ಹೇಳಬೇಕಂದರೆ ನಮ್ಮ ಪರಿಚಯ ಆದದ್ದೇ ಆ ನಲವತ್ತು ನಿಮಿಷದಲ್ಲಿ, ಟೂರಿನವರನ್ನು ಒಟ್ಟಿಗೆ ಬೈಯುತ್ತಾ. ಧಾರವಾಡದ ರಿಟೈರ್ಡ್ ಕಾಕಾ, ಅವರ ಹೆಂಡತಿ ಕಾಕು. ಕಾಕಾನ ಕ್ಯಾಮೆರಾ ಲೆನ್ಸು ನನ್ನ ಮೊಣಕೈಯಷ್ಟು ಉದ್ದ. ಇಂಜಿನಿಯರಿಂಗ್ ಓದುವ ಇಬ್ಬರು ಹುಡುಗರು, ಒಬ್ಬಳು ತಾಯಿ ಮತ್ತು ಅವಳ ಹತ್ತು ವರ್ಷದ ಮಗ, ಇಡೀ ದಿನ ಹತ್ತು ಮಾತೂ ಆಡದೆ ಸಣ್ಣ ನೋಟ್‌ಬುಕ್ಕಿನಲ್ಲಿ ಬರೆಯುತ್ತಿದ್ದ ಒಬ್ಬ ಹುಡುಗಿ, ಮತ್ತೆ ನಾನು. ಗೈಡ್ ಇಪ್ಪತ್ತೈದರ ಆಸುಪಾಸಿನ ಹುಡುಗ, ಶಿರಹಟ್ಟಿ ಕಡೆಯವನು. ಬಂದವನೇ "ತಪ್ಪಾತ್ರೀ" ಅಂದ. ಡ್ರೈವರ್ ಮೇಲೆ ಹಾಕಲಿಲ್ಲ. ಅಷ್ಟಕ್ಕೇ ಕಾಕು ಕರಗಿದರು.

ಕುಂದಗೋಳ, ಗುಡಗೇರಿ, ಲಕ್ಷ್ಮೇಶ್ವರ. ಅಜ್ಜನ ಊರಿನ ಕ್ರಾಸ್ ಬಂದಾಗ ಇನ್ನೂ ಪೂರ್ತಿ ಬೆಳಕಾಗಿರಲಿಲ್ಲ. ನಾನು ಸುಮ್ನೆ ಆಚೆ ಕಡೆ ಮುಖ ಮಾಡಿ ಕೂತೆ. ಮಾವನೇ ಅಲ್ಲಿ ನಿಂತು ನನ್ನನ್ನು ನೋಡಿಬಿಡುತ್ತಾನೇನೋ ಅನ್ನುವ ಹಾಗೆ.

ಮಾಗಡಿ ಅಂದರೆ ಬೆಂಗಳೂರು ಕಡೆಯವರಿಗೆ ಕೆಂಪೇಗೌಡರ ಮಾಗಡಿ. ಇದು ಗದಗ ಜಿಲ್ಲೆ ಶಿರಹಟ್ಟಿ ತಾಲ್ಲೂಕಿನ ಮಾಗಡಿ. ಮಳೆ ನೀರು ನಿಲ್ಲಿಸಿ ಹೊಲಕ್ಕೆ ಬಿಡಲು ಕಟ್ಟಿದ ಕೆರೆ, ಸುಮಾರು 50 ಹೆಕ್ಟೇರ್. ನೋಡಲು ಅಂಥಾ ಚೆಲುವೇನೂ ಇಲ್ಲ. ಸುತ್ತ ಬೆಟ್ಟವಿಲ್ಲ, ಕಾಡಿಲ್ಲ. ಏರಿ, ಜಾಲಿ, ಹೊಲ, ಅಷ್ಟೇ. ಎರಡು ವರ್ಷದ ಹಿಂದೆ ಯಾವುದೋ ಮದುವೆ ಮುಗಿಸಿ ಬರುವಾಗ ನಾವು ಮನೆಮಂದಿ ಇಲ್ಲಿ ಹತ್ತು ನಿಮಿಷ ಕಾರು ನಿಲ್ಲಿಸಿದ್ದೆವು. ನಡು ಮಧ್ಯಾಹ್ನ. ನೀರಿನ ಮೇಲೆ ಬೂದು ಬಣ್ಣದ ಚುಕ್ಕಿಗಳಿದ್ದವು. "ಬಾತುಕೋಳಿ ಅದಾವ, ನಡೀರಿ" ಅಂದು ಹೊರಟೆವು. ಅದಾಗಿ ಸ್ವಲ್ಪ ದಿನಕ್ಕೆ, 2024ರಲ್ಲಿ, ಕೆರೆ ರಾಮ್ಸರ್ ಪಟ್ಟಿ, ಅಂದರೆ ಜಗತ್ತಿನ ಮಹತ್ವದ ಜೌಗು ಪ್ರದೇಶಗಳ ಪಟ್ಟಿ ಸೇರಿತು. ಜೊತೆಗೆ ಅಂಕಸಮುದ್ರ, ಅಘನಾಶಿನಿ ಅಳಿವೆ. ಅಲ್ಲಿವರೆಗೆ ಕರ್ನಾಟಕದಿಂದ ಆ ಪಟ್ಟಿಯಲ್ಲಿ ಇದ್ದದ್ದು ರಂಗನತಿಟ್ಟು ಒಂದೇ. ಪೇಪರಿನಲ್ಲಿ ಓದಿ, ನಾವು ಹತ್ತು ನಿಮಿಷ ನಿಂತದ್ದು ಇದೇ ಕೆರೆಯಾ ಅಂತ ಮುಜುಗರವಾಯಿತು.

ಈ ಸಲ ಎರಡು ತಾಸು ನಿಂತೆವು. ಗೈಡ್ ಮೊದಲೇ ಹೇಳಿದ್ದ: ಕೆಂಪು, ಬಿಳಿ ಬಟ್ಟೆ ಬೇಡ, ಗಾಡಿ ಬಾಗಿಲು ಧಡ್ ಅನ್ನಿಸಬೇಡಿ. ಏರಿಯ ಮೇಲೆ ಮೂರು ಕಾಲಿನ ದುರ್ಬೀನು ನಿಲ್ಲಿಸಿ, ಒಬ್ಬೊಬ್ಬರನ್ನೇ ಕರೆದು ಕಣ್ಣು ಹಚ್ಚಿಸಿದ. ಹತ್ತು ವರ್ಷದ ಹುಡುಗ ಮೊದಲು ನೋಡಿದ. "ತಲಿ ಮ್ಯಾಲೆ ವಿಭೂತಿ ಐತಿ!"

"ವಿಭೂತಿ ಬೆಳ್ಳಗಿರ್ತದೋ ತಮ್ಮಾ, ಇದು ಕರೇ ಪಟ್ಟಿ ಅದ" ಅಂದರು ಕಾಕು.

"ಹಂಗಾರ ಉಲ್ಟಾ ವಿಭೂತಿ."

ಪಕ್ಷಿ ಪುಸ್ತಕದಲ್ಲಿ ಪಟ್ಟೆತಲೆ ಹೆಬ್ಬಾತು ಅಂತಿರುವ ಹಕ್ಕಿಗೆ ಆ ದಿನ ನಮ್ಮ ಗಾಡಿಯಲ್ಲಿ ಉಲ್ಟಾ ವಿಭೂತಿ ಅಂತಲೇ ಹೆಸರಾಯಿತು. ಬೂದು ಮೈ, ಬಿಳಿ ತಲೆ, ನೆತ್ತಿಯ ಹಿಂದೆ ಎರಡು ಕರಿ ಪಟ್ಟಿ, ಹಳದಿ ಕೊಕ್ಕು. ಬೇಸಿಗೆಯಲ್ಲಿ ಟಿಬೆಟ್, ಮಂಗೋಲಿಯಾ, ಲಡಾಖ್ ಕಡೆಯ ಎತ್ತರದ ಸರೋವರಗಳಲ್ಲಿ ಮರಿ ಮಾಡುತ್ತವೆ, ಚಳಿಗೆ ಹಿಮಾಲಯ ದಾಟಿ ಈ ಕಡೆ ಬರುತ್ತವೆ. ವಿಜ್ಞಾನಿಗಳು ಬೆನ್ನಿಗೆ ಯಂತ್ರ ಕಟ್ಟಿ ನೋಡಿದಾಗ ಒಂದು ಹಕ್ಕಿ 7,290 ಮೀಟರ್ ಎತ್ತರದಲ್ಲಿ ಹಾರಿತ್ತಂತೆ. ಆ ಎತ್ತರದಲ್ಲಿ ನಮ್ಮಂಥವರಿಗೆ ನಾಲ್ಕು ಹೆಜ್ಜೆ ಇಡಲೂ ಉಸಿರು ಸಾಲೋದಿಲ್ಲ. ಅವುಗಳ ರಕ್ತಕ್ಕೆ ತೆಳುಗಾಳಿಯಲ್ಲೂ ಆಮ್ಲಜನಕ ಹಿಡಿದುಕೊಳ್ಳುವ ಗುಣ ಜಾಸ್ತಿ. ಅಷ್ಟಿದ್ದರೂ ಸುಮ್ಮನೆ ಮೇಲೆ ಹೋಗುವುದಿಲ್ಲ, ಬೆಟ್ಟ ಏರಿದಲ್ಲಿ ಏರಿ ಇಳಿದಲ್ಲಿ ಇಳಿಯುತ್ತವೆ. ಜಾಸ್ತಿ ಹಾರೋದು ರಾತ್ರಿ ಮತ್ತು ನಸುಕಿನಲ್ಲಿ, ಗಾಳಿ ತಣ್ಣಗೆ ದಟ್ಟವಾಗಿರುವಾಗ. ಇಷ್ಟೆಲ್ಲ ಲೆಕ್ಕ ಹಾಕಿ, ಇಷ್ಟು ದೂರ ಹಾರಿ ಅವು ಬರೋದು ಯಾತಕ್ಕೆ? ಶಿರಹಟ್ಟಿ ತಾಲ್ಲೂಕಿನ ಕಡ್ಲಿಗೆ ಮತ್ತು ಶೇಂಗಾಕ್ಕೆ.

ಇದು ನನಗೆ ಗೊತ್ತಿರಲಿಲ್ಲ. ಕೆರೆಯ ಮೀನು ತಿನ್ನಲು ಬರುತ್ತವೆ ಅಂದುಕೊಂಡಿದ್ದೆ. ಕೆರೆ ಅವುಗಳಿಗೆ ಬರೀ ವಿಶ್ರಾಂತಿಯ ಜಾಗ. ಕತ್ತಲಾದ ಮೇಲೆ ಸುತ್ತಲಿನ ಹೊಲಗಳಿಗೆ ಹೋಗಿ ಮೇಯ್ದು, ಬೆಳಗಾದ ಮೇಲೆ ಗುಂಪು ಗುಂಪಾಗಿ ವಾಪಸ್ ಬರುತ್ತವೆ. ನಾವು ತಡವಾಗಿದ್ದರಿಂದ ದೊಡ್ಡ ಗುಂಪುಗಳು ಆಗಲೇ ಇಳಿದಿದ್ದವು. ಕೊನೆಯ ನಾಲ್ಕೈದು ಗುಂಪು ಸಿಕ್ಕವು. ಮೊದಲು ಬರೀ ಸದ್ದು, ದೂರದಲ್ಲಿ ಹತ್ತಾರು ಜನ ಏಕಕಾಲಕ್ಕೆ ಮೂಗಿನಲ್ಲಿ ಮಾತಾಡಿದ ಹಾಗೆ. ಆಮೇಲೆ ಆಕಾಶದಲ್ಲಿ ಓರೆ ಗೆರೆ. ಕೆರೆಯ ಮೇಲೆ ಬಂದ ಕೂಡಲೇ ಗೆರೆ ಹರಿದು, ಒಂದೊಂದೇ ಹಕ್ಕಿ ಮೈ ವಾಲಿಸಿ, ಕಾಲು ಮುಂದೆ ಚಾಚಿ, ನೀರಿನ ಮೇಲೆ ಜಾರುತ್ತಾ ನಿಲ್ಲುತ್ತಿತ್ತು. ನೋಟ್‌ಬುಕ್ ಹುಡುಗಿ ಬರೆಯೋದು ನಿಲ್ಲಿಸಿ ಬಾಯಿ ತೆರೆದು ನೋಡುತ್ತಿದ್ದಳು. ನಾನೂ.

ಆಮೇಲೆ ಒಂದು ಸಣ್ಣ ಜಗಳವಾಯಿತು. ಹಕ್ಕಿಗಳು ನೀರಲ್ಲಿ ಸುಮ್ಮನೆ ತೇಲುತ್ತಾ, ಕೆಲವು ಕತ್ತು ಹಿಂದಕ್ಕೆ ಮಡಿಚಿ ನಿದ್ದೆಗೆ ಜಾರಿದ್ದವು. ಕಾಕಾ ಗೈಡ್‌ಗೆ ಹೇಳಿದರು, "ಏ ತಮ್ಮಾ, ಒಂದ್ಸಲ ಚಪ್ಪಾಳಿ ಹೊಡಿ. ಎಲ್ಲಾ ಕೂಡಿ ಹಾರೂದು ಒಂದು ಫೋಟೊ ಬೇಕು."

"ಆಗಂಗಿಲ್ರೀ ಕಾಕಾರ."

"ಒಂದ ಸಲ."

"ರಾತ್ರಿಯೆಲ್ಲಾ ಡ್ಯೂಟಿ ಮಾಡಿ ಬಂದಾವ್ರೀ. ಈಗ ಅವಕ್ಕ ನಿದ್ದಿ ಹೊತ್ತು."

ಕಾಕಾ ಮುಖ ಗಂಟು ಹಾಕಿದರು. ದುಡ್ಡು ಕೊಟ್ಟು ಬಂದಿದ್ದೇವೆ ಅನ್ನೋ ಅರ್ಥದ ಒಂದು ಮಾತೂ ಬಂತು. ಆ ಕ್ಷಣ ನಾನು ಗೈಡ್ ಪರ ಇದ್ದೆ, ಆದರೆ ಬಾಯಿ ಬಿಡಲಿಲ್ಲ. ಗುಂಪು ಸಣ್ಣದಾದರೆ ಇದೊಂದು ತೊಂದರೆ. ಐವತ್ತು ಜನರ ಬಸ್ಸಲ್ಲಿ ಯಾರೋ ಏನೋ ಅಂದರು ಅಂತ ಬಿಟ್ಟುಬಿಡಬಹುದು. ಎಂಟು ಜನರಲ್ಲಿ ನಿಮ್ಮ ಮೌನವೂ ಎಲ್ಲರಿಗೂ ಕೇಳಿಸುತ್ತದೆ. ಕೊನೆಗೆ ಕಾಕೂನೇ "ನಿಮ್ಮನ್ನ ಮಧ್ಯಾಹ್ನ ಮಲಗಿದಾಗ ಎಬ್ಬಿಸಿದ್ರ ಹೆಂಗ ಆಗ್ತದ, ನೆನಪ ಮಾಡ್ಕೋರಿ" ಅಂದಾಗ ಎಲ್ಲರೂ ನಕ್ಕು ಹಗುರಾದೆವು.

ನಾಷ್ಟಾ ಕೆರೆಯ ಹತ್ತಿರದ ಒಂದು ಮನೆಯಲ್ಲಿ. ಉಪ್ಪಿಟ್ಟು, ಮಿರ್ಚಿ, ಚಹಾ. ಜೊತೆಗೆ ಒಂದು ಬುಟ್ಟಿ ಹಸಿ ಕಡ್ಲಿ ಸುಲಗಾಯಿ. ನಾವೆಲ್ಲ ಕುರುಕುತ್ತಾ ಕೂತಿದ್ದಾಗ ಗೈಡ್ ತಾನಾಗಿಯೇ ಹೇಳಿದ. ಅವನ ಅಪ್ಪನದು ಇಲ್ಲೇ ನಾಲ್ಕು ಎಕರೆ. ಈ ವರ್ಷ ಬಿತ್ತಿದ ಕಡ್ಲಿಯಲ್ಲಿ ಒಂದು ಪಟ್ಟಿ ಎಳೆಯದರಲ್ಲೇ ಹೋಯಿತು, ಅರ್ಧ ಹಕ್ಕಿಗೆ, ಅರ್ಧ ಚಿಗರಿಗೆ. "ನಮ್ಮಪ್ಪ ಇವನ್ನ ಬೈತಾನ್ರೀ ಅಕ್ಕಾರ. ನಾ ಇವನ್ನ ತೋರಿಸಿ ರೊಕ್ಕ ತರ್ತೀನಿ. ಅದ ರೊಕ್ಕದಾಗ ಮತ್ತ ಬೀಜ ತರ್ತೇವಿ. ಲೆಕ್ಕ ಹೆಂಗ್ ಹಚ್ಚಬೇಕು ಹೇಳ್ರಿ?"

ಪರಿಹಾರ ಕೊಡ್ತಾರಲ್ಲ ಅಂತ ಇಂಜಿನಿಯರಿಂಗ್ ಹುಡುಗ ಕೇಳಿದ. ಕೊಡ್ತಾರೆ, ಅರ್ಜಿ ಹಾಕಬೇಕು, ಫೋಟೊ ಬೇಕು, ಉತಾರ ಬೇಕು, ಬಂದು ನೋಡೋವರೆಗೆ ಕಾಯಬೇಕು. "ಅಷ್ಟರಾಗ ಉಳಿದಿದ್ದನ್ನೂ ತಿಂದಿರ್ತಾವ್ರೀ" ಅಂದ, ನಗುತ್ತಲೇ. ನನ್ನ ಕೈಯಲ್ಲಿದ್ದ ಸುಲಗಾಯಿ ಸ್ವಲ್ಪ ಹೊತ್ತು ಹಾಗೇ ಉಳಿಯಿತು. ಆಮೇಲೆ ತಿಂದೆ. ತಿನ್ನದೆ ಬಿಟ್ಟರೆ ಅವನಿಗೇನು ಲಾಭ?

ಅಲ್ಲಿಂದ ಶಿರಹಟ್ಟಿ ದಾಟಿ ಡೋಣಿ ಕಡೆ ಹೋಗುವಾಗ ಹೊಲಗಳ ಸುತ್ತ ಸೀರೆ ಕಟ್ಟಿದ್ದು ಕಾಣಿಸಿತು. ಗೂಟದಿಂದ ಗೂಟಕ್ಕೆ ಹಳೇ ಸೀರೆ, ಕೆಂಪು, ಹಸಿರು, ನೀಲಿ. ಗಾಳಿಗೆ ಪಟಪಟ ಅನ್ನುತ್ತಿದ್ದವು. ದೂರದಿಂದ ಜಾತ್ರೆಯ ಹಾಗೆ. ಚಿಗರಿ ಹೆದರಲಿ ಅಂತ ಕಟ್ಟುತ್ತಾರೆ. ಕೆಲವರು ಸಂತೆಯಲ್ಲಿ ಹಳೇ ಸೀರೆಯ ಗಂಟನ್ನೇ ಕೊಂಡು ತರುತ್ತಾರಂತೆ. ಕಾಕು ಕಿಟಕಿಗೆ ಹಣೆ ಹಚ್ಚಿ "ಅಯ್ಯ, ಅದು ಇಳಕಲ್ ಅಲ್ಲೇನು? ಸೆರಗ ನೋಡ್ರಿ" ಅಂದರು. ಯಾರದೋ ಮದುವೆ ಸೀರೆ ಇರಬಹುದು, ಈಗ ಕಡ್ಲಿ ಕಾಯುತ್ತಿದೆ.

"ಎಪ್ಪತ್ತು ಗಿರಿಗಿಂತ ಕಪ್ಪತಗಿರಿ ಮೇಲು" ಅನ್ನೋದು ನಮ್ಮ ಕಡೆಯ ಹಳೇ ಮಾತು. ಮಳೆಗಾಲದಲ್ಲಿ ಹೋದವರು ಒಪ್ಪುತ್ತಾರೆ. ಜನವರಿಯಲ್ಲಿ ಗುಡ್ಡ ಒಣಹುಲ್ಲಿನ ಬಣ್ಣದಲ್ಲಿರುತ್ತದೆ, ಸಿಂಹದ ಬೆನ್ನಿನ ಹಾಗೆ. ಗದಗದ ಹತ್ತಿರದ ಬಿಂಕದಕಟ್ಟಿಯಿಂದ ತುಂಗಭದ್ರೆಯ ದಂಡೆಯ ಸಿಂಗಟಾಲೂರಿನವರೆಗೆ ಮಲಗಿದ ಸಾಲು. ಗಾಳಿಗುಂಡಿ ಅನ್ನೋ ಎತ್ತರದ ಜಾಗಕ್ಕೆ ಹೋಗಿ ಇಳಿದರೆ ಹೆಸರು ಯಾಕೆ ಬಂತು ಅಂತ ಯಾರೂ ಹೇಳಬೇಕಾಗಿಲ್ಲ. ನನ್ನ ಓಢಣಿ ಹಾರಿ ಹೋಗಿ ಮುಳ್ಳುಕಂಟಿಗೆ ಸಿಕ್ಕಿಕೊಂಡಿತು. ಸುತ್ತ ಗಾಳಿಯಂತ್ರಗಳು ಗಿರಗಿರ ತಿರುಗುತ್ತಿದ್ದವು. ಅವು ಚೆಂದ ಅನ್ನೋರೂ ಇದ್ದಾರೆ, ನನಗೆ ಅನ್ನಿಸಲಿಲ್ಲ.

ರೊಟ್ಟಿ ಬುತ್ತಿ ಬಿಚ್ಚಿದ್ದು ಅಲ್ಲೇ ಕೆಳಗೆ ಗಾಳಿ ಬೀಳದ ಒಂದು ಮಗ್ಗಲಲ್ಲಿ. ಎಣಗಾಯಿ, ಗುರೆಳ್ಳು ಚಟ್ನಿ, ಕಟ್ಟಿ ಮೊಸರು. ಊಟದ ನಡುವೆ ಕಾಕಾ ಮಾತಿಗೆ ಶುರುವಾದರು. ಈ ಗುಡ್ಡದ ಒಡಲಲ್ಲಿ ಕಬ್ಬಿಣ ಇದೆ, ಚಿನ್ನ ಇದೆ. ಅಗೆಯಲು ಬಹಳ ಜನ ಕಾದಿದ್ದರು. 2015ರ ಕೊನೆಗೆ ಸರ್ಕಾರ ಇದನ್ನು ಸಂರಕ್ಷಿತ ಪ್ರದೇಶ ಅಂದಿತು, 2016ರಲ್ಲಿ ಆ ಮಾತನ್ನು ವಾಪಸ್ ತಗೊಂಡಿತು. 2017ರಲ್ಲಿ ಗದಗಿನ ತೋಂಟದ ಸಿದ್ಧಲಿಂಗ ಸ್ವಾಮೀಜಿ ಮುಂದೆ ನಿಂತು ಧರಣಿ ಕೂತಾಗ ಕಾಕಾನೂ ಧಾರವಾಡದಿಂದ ಬಸ್ ಹತ್ತಿ ಹೋಗಿದ್ದರಂತೆ. ಆ ವರ್ಷವೇ ಆದೇಶ ಮತ್ತೆ ಬಂತು, 2019ರಲ್ಲಿ 244 ಚದರ ಕಿಲೋಮೀಟರ್ ವನ್ಯಜೀವಿ ಧಾಮವಾಯಿತು. "ಅವತ್ತ ಬಿಸಲಾಗ ಕೂತಿದ್ದೆ. ಗುಡ್ಡ ನೋಡಿದ್ದು ಮಾತ್ರ ಇವತ್ತ" ಅಂದರು. ಬೆಳಗ್ಗೆ ಚಪ್ಪಾಳೆ ಹೊಡಿ ಅಂದ ಮನುಷ್ಯ ಇವರೇ. ಇವರ ಬಗ್ಗೆ ಕೆರೆ ದಂಡೆಯಲ್ಲಿ ನಾನು ಮನಸ್ಸಲ್ಲೇ ಕಟ್ಟಿಕೊಂಡಿದ್ದ ಲೆಕ್ಕವೆಲ್ಲ ತಪ್ಪಾಯಿತು.

ಗುಡ್ಡದಲ್ಲಿ ಚಿರತೆ ಇದೆ, ತೋಳ ಇದೆ, ಕೊಂಡಕುರಿ ಇದೆ. ನಾವು ಕಂಡದ್ದು ನವಿಲು, ಒಂದು ಹಾವುಹದ್ದು, ಮತ್ತು ಹಿಕ್ಕೆ. ಹೌದು, ಹಿಕ್ಕೆ. ದಾರಿ ಬದಿಯಲ್ಲಿ ಸುಣ್ಣದ ಉಂಡೆಯಂಥದ್ದು ಬಿದ್ದಿತ್ತು. ಗೈಡ್ ಕುಕ್ಕರಗಾಲಲ್ಲಿ ಕೂತು, ಚಿನ್ನ ಸಿಕ್ಕವನ ಹಾಗೆ ಎಲ್ಲರನ್ನೂ ಕರೆದ. ಕತ್ತೆಕಿರುಬದ್ದು. ಅದು ಎಲುಬನ್ನೂ ಅಗಿದು ನುಂಗುತ್ತದೆ, ಆ ಸುಣ್ಣದ ಅಂಶದಿಂದ ಒಣಗಿದ ಮೇಲೆ ಬೆಳ್ಳಗಾಗುತ್ತದೆ. ಹತ್ತು ವರ್ಷದ ಹುಡುಗನಿಗೆ ಇಡೀ ದಿನದಲ್ಲಿ ಇದೇ ಬೆಸ್ಟ್. ಮನೆಗೆ ಒಯ್ತೀನಿ ಅಂತ ಹಟ ಹಿಡಿದ, ಅವನ ತಾಯಿ ಕೊಟ್ಟ ನೋಟಕ್ಕೆ ಸುಮ್ಮನಾದ.

ಇಳಿಯುವಾಗ ಗೈಡ್ ಎರೆಬೂತದ ಮಾತು ತೆಗೆದ. ನಮ್ಮ ಎರೆ ಸೀಮೆಯ ದೊಡ್ಡ ಹಕ್ಕಿ, ಎತ್ತರಕ್ಕೆ ಹತ್ತು ವರ್ಷದ ಹುಡುಗನ ಎದೆಮಟ್ಟ ಬರುವಂಥದ್ದು. ಹಾವೇರಿ ಜಿಲ್ಲೆಯ ರಾಣೆಬೆನ್ನೂರಿನಲ್ಲಿ 1974ರಲ್ಲಿ ಕೃಷ್ಣಮೃಗ ಧಾಮ ಮಾಡಿದರು, 119 ಚದರ ಕಿಲೋಮೀಟರ್. ಒಂದು ಕಾಲಕ್ಕೆ ಅಲ್ಲಿ ಎರೆಬೂತವೂ ಇತ್ತು. ಆದರೆ ಹುಲ್ಲುಗಾವಲು ಅಂದರೆ ಬೀಳು ಜಮೀನು, ಏನಾದರೂ ನೆಡಬೇಕು ಅಂತ ನೀಲಗಿರಿ ನೆಟ್ಟರು. ಬಯಲಲ್ಲಿ ದೂರದೃಷ್ಟಿಯಿಂದ ಬದುಕುವ ಹಕ್ಕಿಗೆ ಮರದ ಸಾಲಲ್ಲಿ ಏನು ಕೆಲಸ? ಚಿಗರಿ ಉಳಿಯಿತು, ಅದು ಹೋಯಿತು. ಈಗ ರಾಜ್ಯದಲ್ಲಿ ಸಿರುಗುಪ್ಪ ಕಡೆ ಬೆರಳೆಣಿಕೆಯಷ್ಟು ಇವೆ. ನಮ್ಮಜ್ಜ ಮೈಗಳ್ಳರಿಗೆ "ಎರೆಬೂತ ನಿಂತಂಗ ನಿಂತಾನ ನೋಡು" ಅನ್ನುತ್ತಿದ್ದ. ಅದು ಹಕ್ಕಿಯ ಹೆಸರು ಅಂತ ನನಗೆ ಗೊತ್ತಾದದ್ದು ಆ ಗಾಡಿಯಲ್ಲಿ. ನಾನು ಅದೊಂದು ದೆವ್ವ ಅಂದುಕೊಂಡಿದ್ದೆ. ನಾನೂ ಬಯಲುಸೀಮೆಯವಳೇ, ಕಾಡು ನೋಡಬೇಕು ಅಂದಾಗಲೆಲ್ಲ ದಾಂಡೇಲಿಗೆ ಓಡಿದವಳು. ಈ ಕಡೆ ಏನಿದೆ, ಬರೀ ಹೊಲ ಅನ್ನುತ್ತಿದ್ದೆ.

ಸಂಜೆ ಐದೂವರೆ. ಮಾಗಡಿ ದಾಟಿ ಲಕ್ಷ್ಮೇಶ್ವರದ ದಾರಿ. ಹುಡುಗರಿಬ್ಬರೂ ಮಲಗಿದ್ದರು. ಗೈಡ್ ಒಮ್ಮೆಲೇ ಡ್ರೈವರ್ ಭುಜ ಮುಟ್ಟಿದ, ಗಾಡಿ ಮೆಲ್ಲಗೆ ನಿಂತಿತು. ಗೋವಿನಜೋಳ ಕಿತ್ತು ಖಾಲಿ ಬಿಟ್ಟ ಹೊಲದಲ್ಲಿ ಹದಿನೇಳು ಇದ್ದವು. ನಾನೇ ಎಣಿಸಿದೆ. ಹದಿನೈದು ಕಂದು ಬಣ್ಣದವು, ಹೆಣ್ಣು ಮತ್ತು ಮರಿ. ಒಂದು ಅರ್ಧ ಬಲಿತ ಗಂಡು. ಇನ್ನೊಂದು ಕಪ್ಪನೆಯದು, ಹೊಟ್ಟೆ ಅಚ್ಚ ಬಿಳಿ, ಕಣ್ಣ ಸುತ್ತ ಬಿಳಿ ಬಳೆ, ತಿರುಚಿದ ಕೊಂಬು. ಅದು ತಲೆ ಹಿಂದಕ್ಕೆ ಎತ್ತಿ, ಕೊಂಬು ಬೆನ್ನಿಗೆ ತಾಗಿಸಿಕೊಂಡು, ಪಂಚಾಯ್ತಿ ಅಧ್ಯಕ್ಷನ ಗತ್ತಿನಲ್ಲಿ ನಡೆಯುತ್ತಿತ್ತು. ಯಾರೂ ಇಳಿಯಲಿಲ್ಲ. ಕಾಕಾ ಕಿಟಕಿಯಿಂದಲೇ ಫೋಟೊ ತೆಗೆದರು, ಸದ್ದು ಮಾಡದೆ. ಆಮೇಲೆ ಹಿಂದಿನಿಂದ ಒಂದು ಬೈಕು ಹಾರನ್ ಹೊಡೆಯುತ್ತಾ ಬಂತು. ಒಂದು ಹೆಣ್ಣು ನಿಂತಲ್ಲಿಂದಲೇ ನೆಟ್ಟಗೆ ಮೇಲಕ್ಕೆ ನೆಗೆಯಿತು. ನಾಲ್ಕೂ ಕಾಲು ನೆಲ ಬಿಟ್ಟವು. ಅದನ್ನು ನೋಡಿ ಇನ್ನೊಂದು, ಮತ್ತೊಂದು. ಬಿಸಿ ಬಾಣಲೆಯಲ್ಲಿ ಅರಳು ಸಿಡಿದ ಹಾಗೆ. ಕ್ಷಣದಲ್ಲಿ ಹೊಲ ಖಾಲಿ.

ನನಗೆ ಕಣ್ಣು ತುಂಬಿ ಬಂತು, ಯಾಕೆ ಅಂತ ಕೇಳಬೇಡಿ. ಅಜ್ಜ ಮೂವತ್ತು ವರ್ಷ ಇದನ್ನು ಬೆಳದಿಂಗಳಲ್ಲಿ ಅಟ್ಟಣಿಗೆ ಮೇಲಿಂದ ನೋಡಿದ್ದಾನೆ. ಒಮ್ಮೆಯಾದರೂ ಡಬ್ಬಿ ಬಾರಿಸೋದು ಮರೆತು ನೋಡಿದ್ದನೋ ಏನೋ. ಕೇಳಬಹುದಾಗಿದ್ದ ವಯಸ್ಸಲ್ಲಿ ನಾನು ಕೇಳಲಿಲ್ಲ.

ರಾತ್ರಿ ಮನೆಗೆ ಬಂದು ಊಟ ಮಾಡಿದ ಮೇಲೆ ತಡೆಯಲಾಗದೆ ಮಾವನಿಗೆ ಫೋನ್ ಮಾಡಿದೆ. ಎಲ್ಲ ಹೇಳಿದೆ. ಅವನು ಮೊದಲು ಕೇಳಿದ್ದು ಎಷ್ಟು ಕೊಟ್ಟೆ ಅಂತ. ಹೇಳಿದೆ. ಆಚೆ ಕಡೆ ಬಹಳ ಹೊತ್ತು ನಗು.

"ನಮ್ಮ ಹೊಲಕ್ಕ ಬಂದಿದ್ರ ಬಿಟ್ಟಿ ತೋರಿಸ್ತಿದ್ದೆ. ಮ್ಯಾಲೆ ಊಟಾನೂ ಹಾಕ್ತಿದ್ದೆ. ಎಲ್ಲಿ ಕಂಡ್ವು?"

ಜಾಗ ಹೇಳಿದೆ. ನಗು ನಿಂತಿತು.

"ಎಷ್ಟಿದ್ವು?"

"ಹದಿನೇಳು."

"ಯಾವ ಕಡೆ ಹ್ವಾದ್ವು?"

ಗೊತ್ತಿಲ್ಲ ಅಂದೆ. ಬೈಕು ಬಂತು, ನೆಗೆದವು, ಓಡಿದವು. ದಿಕ್ಕು ಯಾರು ನೋಡ್ತಾರೆ?

"ಫೋಟೊ ತೆಗದಿಯಿಲ್ಲೋ? ನೆರಳು ಎತ್ತಾಗ ಬಿದ್ದೈತಿ ನೋಡಿ ಹೇಳು."

ಫೋನ್ ಸ್ಪೀಕರಿಗೆ ಹಾಕಿ ಫೋಟೊ ತೆರೆದೆ, ದೊಡ್ಡದು ಮಾಡಿದೆ. ಓಡುತ್ತಿದ್ದ ಚಿಗರಿಗಳ ಉದ್ದನೆಯ ನೆರಳು ಬಾಲದ ಹಿಂದೆ ಬಿದ್ದಿತ್ತು. ಹೇಳಿದೆ.

"ಸಂಜಿಗಲ್ಲ? ಹಂಗಾರ ಹೊತ್ತು ಮುಳಗೂ ಕಡೆ ಹೊಂಟಾವು. ನಮ್ಮ ಕಡೇನ." ಫೋನಿನಿಂದ ಬಾಯಿ ಸರಿಸಿ ಅತ್ತೆಯನ್ನು ಕೂಗಿದ್ದು ಕೇಳಿಸಿತು. "ಏ, ಆ ಬ್ಯಾಟರಿ ಎಲ್ಲಿಟ್ಟಿ?"